ಜೂಕಿ ಡಿಡಿಎಲ್-8700: 14 ವರ್ಷ ಕೂಲಿಗೆ ಓಡಿಸಿ, ಈಗ ಸ್ವಂತಕ್ಕೆ ಕೊಂಡವಳ ಅನಿಸಿಕೆ

ಮೊದಲೇ ಹೇಳಿಬಿಡುತ್ತೇನೆ, ಜೂಕಿ ಕಂಪನಿಯ ಈ ಹೊಲಿಗೆ ಮಷೀನಿಗೆ ನಾನು 5ಕ್ಕೆ 4 ಕೊಡುತ್ತೇನೆ. ಉಳಿದ ಒಂದು ಅಂಕ ಯಾಕೆ ಕೊಡಲಿಲ್ಲ ಅಂತ ಹೇಳುವುದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ. ಮಷೀನು ಕೊಳ್ಳುವ ಯೋಚನೆ ಇರುವವರು ಕೊನೆ ತನಕ ಓದಿ.

ನಾನು ಮದ್ದೂರಿನ ಕಡೆಯವಳು. 2004ರಿಂದ 2018ರ ತನಕ ಬೆಂಗಳೂರಿನಲ್ಲಿ, ಬೊಮ್ಮನಹಳ್ಳಿ ಕಡೆ ಗಾರ್ಮೆಂಟ್ಸ್‌ಗೆ ಹೋಗುತ್ತಿದ್ದೆ. ಶರ್ಟ್ ಲೈನಿನಲ್ಲಿ ಕಾಲರ್ ಅಟ್ಯಾಚ್ ನನ್ನ ಕೆಲಸ. ಯಜಮಾನರಿಗೆ ಮುಂಬೈಯಲ್ಲಿ ಕ್ಯಾಂಟೀನ್ ಕೆಲಸ ಸಿಕ್ಕಿದ ಮೇಲೆ ಇಲ್ಲಿಗೆ ಬಂದೆವು. ಸಯನ್ ಹತ್ತಿರ ಒಂದು ಖೋಲಿ. ಮುಂದುಗಡೆ ಮಷೀನು, ಹಿಂದುಗಡೆ ಸಂಸಾರ. ಬ್ಲೌಸ್, ಲಂಗ, ಸ್ಕೂಲ್ ಯೂನಿಫಾರ್ಮ್, ಆಲ್ಟ್ರೇಷನ್ ಎಲ್ಲಾ ಮಾಡುತ್ತೇನೆ. ಮಾಟುಂಗಾದ ಮೈಸೂರು ಅಸೋಸಿಯೇಷನ್‌ನಲ್ಲೋ ಕರ್ನಾಟಕ ಸಂಘದಲ್ಲೋ ಏನಾದರೂ ಕಾರ್ಯಕ್ರಮ ಇದ್ದರೆ ಎರಡು ವಾರ ಮುಂಚೆಯಿಂದ ನಮ್ಮ ಕನ್ನಡದ ಹೆಂಗಸರ ಬ್ಲೌಸ್ ಪೀಸು ನನ್ನ ಮೇಜಿನ ಮೇಲೆ ರಾಶಿ ಬೀಳುತ್ತದೆ.

ಮಷೀನು ಸೆಕೆಂಡ್ ಹ್ಯಾಂಡ್. ಧಾರಾವಿಯ 90 ಫೀಟ್ ರೋಡ್ ಕಡೆ ಒಬ್ಬ ವ್ಯಾಪಾರಿಯ ಹತ್ತಿರ ತೆಗೆದುಕೊಂಡೆ. ಟೇಬಲ್, ಸ್ಟ್ಯಾಂಡ್, ಹೊಸ ಸರ್ವೋ ಮೋಟರ್ ಎಲ್ಲಾ ಸೇರಿ 17,000 ಆಯಿತು. ಹಾತ್‌ಗಾಡಿಯಲ್ಲಿ ಮನೆ ತನಕ ತಂದುಕೊಟ್ಟರು. ಒಂದು ಮಾತು ಗಮನಿಸಿ. ಮುಂಬೈಯಲ್ಲಿ ಜೂಕಿ ಅಂದರೆ ಈಗ ಕಂಪನಿ ಹೆಸರೇ ಆಗಬೇಕು ಅಂತಿಲ್ಲ, ಜೋರಾಗಿ ಓಡುವ ಮಷೀನಿಗೆಲ್ಲಾ ಜೂಕಿ ಅಂತಾರೆ. ‘ಜೂಕಿ ಇದೆಯಾ’ ಅಂತ ಕೇಳಿದರೆ ಬೇರೆ ಯಾವುದೋ ಕಂಪನಿಯದನ್ನು ತೋರಿಸುತ್ತಾರೆ. ಅದು ಕೆಟ್ಟದ್ದು ಅಂತಲ್ಲ. ಆದರೆ ನೀವು ದುಡ್ಡು ಕೊಡುತ್ತಿರುವುದು ಯಾವುದಕ್ಕೆ ಅಂತ ನಿಮಗೆ ಗೊತ್ತಿರಬೇಕು. ಹೆಡ್ಡಿನ (ಟೇಬಲ್ ಮೇಲೆ ಕೂರುವ ಮಷೀನು) ಮೇಲೆ ಕಂಪನಿ ಹೆಸರು, ಮಾಡೆಲ್ ನಂಬರು ಇರುವ ತಗಡು ನೋಡಿ, ಅದನ್ನು ಕಿತ್ತು ಅಂಟಿಸಿದ ಗುರುತು ಇದೆಯಾ ಅಂತಲೂ ನೋಡಿ.

ಈಗ ಮಷೀನಿನ ಗುಣ. ನೇರ ಹೊಲಿಗೆಗೆ ಇದಕ್ಕೆ ಸಾಟಿ ಇಲ್ಲ. 14 ವರ್ಷ ಇದೇ ಮಾಡೆಲ್ ಮುಂದೆ ಕೂತಿದ್ದೇನೆ, ಅದರ ಸದ್ದು ಕೇಳಿದರೆ ಸಾಕು, ಎಲ್ಲಿ ಏನಾಗಿದೆ ಅಂತ ಗೊತ್ತಾಗುತ್ತದೆ. ಬಾಬಿನ್ ಖಾಲಿ ಆಗುವ ಮುಂಚೆ ಸದ್ದು ಹಗುರವಾಗುತ್ತದೆ, ಸೂಜಿ ಮೊಂಡಾದರೆ ಟಪ್ ಟಪ್ ಅನ್ನುತ್ತದೆ. ತೆಳು ಮಲ್ ಬಟ್ಟೆಗೂ ಹೊಲಿಯಬಹುದು, ನಾಲ್ಕು ಮಡಿಕೆಯ ಪ್ಯಾಂಟ್ ಬಟ್ಟೆಗೂ ಹೊಲಿಯಬಹುದು, ಸೂಜಿ ನಂಬರು ಬದಲಾಯಿಸಿ ದಾರದ ಟೆನ್ಷನ್ (ಬಿಗಿ) ಸರಿ ಮಾಡಿಕೊಂಡರೆ ಆಯಿತು. ಇದಕ್ಕೆ ಹಾಕುವುದು ಡಿಬಿ ಒನ್ ಅನ್ನುವ ನಮೂನೆಯ ಸೂಜಿ, ಎಲ್ಲಾ ಅಂಗಡಿಯಲ್ಲೂ ಸಿಗುತ್ತದೆ. ಬಲ ಮೊಣಕಾಲಿನಿಂದ ಒತ್ತಿದರೆ ಬಟ್ಟೆ ಒತ್ತಿ ಹಿಡಿಯುವ ಫೂಟ್ ಮೇಲೇಳುತ್ತದೆ, ಎರಡೂ ಕೈ ಬಟ್ಟೆಯ ಮೇಲೇ ಇರುತ್ತದೆ. ಮನೆ ಮಷೀನಿನಲ್ಲಿ ಹೊಲಿದು ಅಭ್ಯಾಸ ಇರುವವರಿಗೆ ಇದೊಂದೇ ಸಾಕು, ಆಮೇಲೆ ವಾಪಸ್ ಹೋಗುವ ಮನಸ್ಸಾಗುವುದಿಲ್ಲ.

ತೊಂದರೆಗಳೂ ಇವೆ. ಇದು ನೇರ ಹೊಲಿಗೆ ಮಾತ್ರ ಹಾಕುತ್ತದೆ. ಜಿಗ್‌ಜಾಗ್ ಇಲ್ಲ, ಪಿಕೋ ಇಲ್ಲ, ಅಂಚಿಗೆ ಓವರ್‌ಲಾಕ್ ಬೇಕು ಅಂದರೆ ಬೇರೆ ಮಷೀನೇ ಬೇಕು. ಭಾರ ಜಾಸ್ತಿ. ಮಡಚಿ ಮೂಲೆಗಿಡುವ ಮಾತೇ ಇಲ್ಲ, ಒಂದು ಸಲ ಇಟ್ಟ ಜಾಗ ಅದರದ್ದೇ. ಮುಂಬೈ ಖೋಲಿಯಲ್ಲಿ ಅದು ಸಣ್ಣ ವಿಷಯ ಅಲ್ಲ. ಎಣ್ಣೆ ವಿಷಯದಲ್ಲಿ ಹುಷಾರು. ಕೆಳಗಿನ ತಟ್ಟೆಯಲ್ಲಿ ಎಣ್ಣೆ ಮೇಲಿನ ಗೆರೆಗೂ ಕೆಳಗಿನ ಗೆರೆಗೂ ನಡುವೆ ಇರಬೇಕು. ಮಷೀನು ಓಡುವಾಗ ಮೇಲಿನ ಸಣ್ಣ ಗಾಜಿನಲ್ಲಿ ಎಣ್ಣೆ ಚಿಮ್ಮುವುದು ಕಾಣಬೇಕು, ಕಾಣದಿದ್ದರೆ ಅಲ್ಲೇ ನಿಲ್ಲಿಸಿ. ಬೆಳಿಗ್ಗೆ ಮೊದಲು ಒಂದು ಹಳೆ ಬಟ್ಟೆಯ ಮೇಲೆ ನಾಲ್ಕು ಸಾಲು ಹೊಲಿದು ಆಮೇಲೆ ಗಿರಾಕಿಯ ಬಟ್ಟೆ ಇಡಿ, ಇಲ್ಲದಿದ್ದರೆ ಬಿಳಿ ಬ್ಲೌಸಿನ ಮೇಲೆ ಎಣ್ಣೆ ಕಲೆ ಖಂಡಿತ.

ಮೋಟರ್ ವಿಷಯ ಬಂದರೆ, ದಯವಿಟ್ಟು ಸರ್ವೋ ಮೋಟರ್ರೇ ಹಾಕಿಸಿ. ಹಳೆ ಕ್ಲಚ್ ಮೋಟರ್ ನಾವು ಸುಮ್ನೆ ಕೂತಿದ್ದರೂ ಗುಂಯ್ ಅಂತ ತಿರುಗುತ್ತಲೇ ಇರುತ್ತದೆ, ಕರೆಂಟು ತಿನ್ನುತ್ತದೆ. ಸರ್ವೋ ನಾವು ಪೆಡಲ್ ಒತ್ತಿದಾಗ ಮಾತ್ರ ತಿರುಗುತ್ತದೆ. ಎಲ್ಲಕ್ಕಿಂತ ಮುಖ್ಯ, ಅದರಲ್ಲಿ ಎಷ್ಟು ಜೋರು ಓಡಬೇಕು ಅಂತ ನಾವೇ ಇಟ್ಟುಕೊಳ್ಳಬಹುದು. ತಂದ ದಿನ ಅದನ್ನು ಅರ್ಧಕ್ಕಿಂತ ಕೆಳಗೆ ತಿರುಗಿಸಿ ಒಂದು ದಿಂಬಿನ ಕವರ್ ಹೊಲಿದೆ. ಪ್ರತಿ ಹೊಲಿಗೆ ಬೀಳುವುದು ಕಣ್ಣಿಗೆ ಕಂಡಿತು. 14 ವರ್ಷದಲ್ಲಿ ಅದನ್ನು ಒಂದು ಸಲವೂ ನೋಡಿರಲಿಲ್ಲ. ಕೈ ನಿಲ್ಲಿಸಿ ಸ್ವಲ್ಪ ಹೊತ್ತು ಸುಮ್ಮನೆ ಕೂತಿದ್ದೆ.

ಯಾಕೆ ಅಂತ ಹೇಳುತ್ತೇನೆ. ಈ ಮಷೀನಿನ ಪುಸ್ತಕದಲ್ಲಿ ನಿಮಿಷಕ್ಕೆ 5,500 ಹೊಲಿಗೆ ಅಂತ ಬರೆದಿದೆ. ಒಂದು ಶರ್ಟಿನ ಕುತ್ತಿಗೆ ಸುತ್ತು ಸುಮಾರು 45 ಸೆಂಟಿಮೀಟರ್, ಸೆಂಟಿಮೀಟರಿಗೆ 4 ಹೊಲಿಗೆ ಹಿಡಿದರೆ 180 ಹೊಲಿಗೆ. ಲೆಕ್ಕ ಹಾಕಿ, ಮಷೀನಿಗೆ 2 ಸೆಕೆಂಡ್ ಸಾಕು. ಆದರೆ ಬಂಡಲಿನಿಂದ ಪೀಸ್ ಎತ್ತಬೇಕು, ಕಾಲರಿನ ನಡುವಿನ ಗುರುತನ್ನು ಯೋಕಿನ (ಹೆಗಲ ಪಟ್ಟಿ) ಗುರುತಿಗೆ ಕೂಡಿಸಬೇಕು, ತಿರುವಿನಲ್ಲಿ ಬಟ್ಟೆ ನೆರಿಗೆ ಬೀಳದ ಹಾಗೆ ಎಡಗೈಯಲ್ಲಿ ಹಿಡಿಯಬೇಕು, ದಾರ ಕತ್ತರಿಸಬೇಕು, ಪಕ್ಕಕ್ಕೆ ಇಡಬೇಕು. ಅದು ಮನುಷ್ಯರ ಸಮಯ. ಸ್ಟಾಪ್‌ವಾಚ್ ಹಿಡಿದುಕೊಂಡು, ಕೆಲಸದ ಸಮಯ ಅಳೆಯುವ ಐಇ (ಇಂಡಸ್ಟ್ರಿಯಲ್ ಎಂಜಿನಿಯರಿಂಗ್) ಹುಡುಗರು ಹಿಂದೆ ಬಂದು ನಿಲ್ಲುತ್ತಿದ್ದರು. ಅವರು ನಿಂತಾಗ ಕೈ ತಾನಾಗೇ ಬೇಗ ಆಡುತ್ತದೆ, ಆ ಬೇಗವೇ ನಾಳೆಯ ಟಾರ್ಗೆಟ್ ಆಗುತ್ತದೆ. ಲೈನಿನ ತುದಿಯ ಬೋರ್ಡಿನಲ್ಲಿ ಗಂಟೆ ಗಂಟೆಗೂ ಪೀಸಿನ ಲೆಕ್ಕ. ನೀರು ಕುಡಿದರೆ ಬಾತ್‌ರೂಮಿಗೆ ಹೋಗಬೇಕು, ಹೋದರೆ ನನ್ನ ಮಷೀನಿನ ಮುಂದೆ ಬಂಡಲ್ ಗುಡ್ಡೆಯಾಗುತ್ತದೆ, ಅದಕ್ಕೇ ನೀರೇ ಕುಡಿಯುತ್ತಿರಲಿಲ್ಲ. ಎಷ್ಟು ಜನ ಹಾಗೆ ಮಾಡುತ್ತಿದ್ದೆವು ಅಂತ ಕೇಳಬೇಡಿ, ನಮ್ಮ ಲೈನಿನಲ್ಲಿ ಎಲ್ಲರೂ.

ಈಗ ಆ ಒಂದು ಅಂಕದ ಮಾತು.

ಈ ಮಷೀನಿನ ಸೂಜಿಯ ಮುಂದೆ ಒಂದು ಸಣ್ಣ ತಂತಿಯ ಗಾರ್ಡ್ ಇರುತ್ತದೆ. ಫಿಂಗರ್ ಗಾರ್ಡ್ ಅಂತಾರೆ. ಕಿರುಬೆರಳಿನಷ್ಟು ಸಾಮಾನು. ಹೊಸ ಮಷೀನಿನ ಜೊತೆ ಬರುತ್ತದೆ, ಆದರೆ ನಾನು ಆ ಅಂಗಡಿಯಲ್ಲಿ ನೋಡಿದ 11 ಸೆಕೆಂಡ್ ಹ್ಯಾಂಡ್ ಮಷೀನುಗಳಲ್ಲಿ ಒಂದಕ್ಕೂ ಅದು ಇರಲಿಲ್ಲ. ಬೆಲ್ಟಿನ ಕವರು ಎರಡಕ್ಕೆ ಮಾತ್ರ ಇತ್ತು. ಕೇಳಿದರೆ ವ್ಯಾಪಾರಿ, ಇದನ್ನೆಲ್ಲಾ ಯಾರೂ ಇಟ್ಟುಕೊಳ್ಳುವುದಿಲ್ಲ, ತಂದ ವಾರವೇ ಬಿಚ್ಚಿ ಬಿಸಾಕುತ್ತಾರೆ ಅಂದ. ಅವನು ಹೇಳಿದ್ದು ಸುಳ್ಳಲ್ಲ.

ನನ್ನ ಎಡಗೈ ತೋರುಬೆರಳು ನೋಡಿದವರಿಗೆ ಗೊತ್ತು. ಉಗುರಿನ ನಡುವೆ ಒಂದು ಗೆರೆ ಇದೆ, ಉಗುರು ಎರಡು ಭಾಗವಾಗಿ ಬೆಳೆಯುತ್ತದೆ. 2009ರಲ್ಲಿ, ಮಧ್ಯಾಹ್ನ ಊಟದ ಬೆಲ್ಲಿಗೆ ಸ್ವಲ್ಪ ಮುಂಚೆ. ಆವತ್ತು ಶಿಪ್‌ಮೆಂಟ್. ನನ್ನ ಮಷೀನಿಗೆ ಗಾರ್ಡ್ ಇರಲಿಲ್ಲ. ಸೂಜಿ ಉಗುರಿನ ಮೇಲೆ ಇಳಿದು ಮುರಿಯಿತು. ನೋವು ತಕ್ಷಣ ಗೊತ್ತಾಗುವುದಿಲ್ಲ, ಮೊದಲು ತಣ್ಣಗಾಗುತ್ತದೆ. ಗಾರ್ಮೆಂಟ್ಸ್‌ನಲ್ಲಿ ಸೂಜಿ ಮುರಿದರೆ ಒಂದು ನಿಯಮ ಇದೆ. ಮುರಿದ ತುಂಡುಗಳನ್ನೆಲ್ಲಾ ಹುಡುಕಿ, ಜೋಡಿಸಿ, ಸೆಲ್ಲೋಟೇಪಿನಲ್ಲಿ ರಿಜಿಸ್ಟರಿಗೆ ಅಂಟಿಸಿದ ಮೇಲೇ ಹೊಸ ಸೂಜಿ ಕೊಡುವುದು. ಬಟ್ಟೆ ಕೊಂಡವರ ಮೈಗೆ ಚುಚ್ಚಬಾರದು ಅಂತ. ಒಳ್ಳೆಯ ನಿಯಮವೇ. ಆವತ್ತು ಎರಡು ತುಂಡು ಸಿಕ್ಕಿತು, ಮೂರನೆಯದು ಸಿಗಲಿಲ್ಲ. ಸೂಪರ್‌ವೈಸರು ಮ್ಯಾಗ್ನೆಟ್ ತಂದು ನೆಲ ಹುಡುಕಿದರು, ಬಂಡಲ್ ಕೊಡವಿದರು, ಎರಡು ಮಷೀನು ನಿಲ್ಲಿಸಿದರು. ನಾನು ಬೆರಳಿಗೆ ಬಟ್ಟೆ ಚೂರು ಸುತ್ತಿಕೊಂಡು ಪಕ್ಕದಲ್ಲೇ ನಿಂತಿದ್ದೆ. ಕೊನೆಗೆ ಪಕ್ಕದ ಮಷೀನಿನ ಅಕ್ಕ, ‘ಸಾರ್, ಅದು ಅವಳ ಬೆರಳೊಳಗೇ ಇರಬೇಕು, ಆಸ್ಪತ್ರೆಗೆ ಕಳಿಸಿ’ ಅಂದಳು. ಎಕ್ಸ್‌ರೇಯಲ್ಲಿ ಕಂಡಿತು, ಅಲ್ಲೇ ಇತ್ತು. ಬಟ್ಟೆ ತೊಡುವವರ ಮೈಗೆ ಒಂದು ರಿಜಿಸ್ಟರ್ ಇತ್ತು, ಹೊಲಿಯುವವರ ಬೆರಳಿಗೆ ಒಂದು ತಂತಿ ಇರಲಿಲ್ಲ. ನಾನು ಅಲ್ಲಿಂದ ಮುಂದೆ ಬಾಯಿ ಮುಚ್ಚಿಕೊಂಡು ಕೂರಲಿಲ್ಲ.

ತಿರುಗುವ, ಅಪಾಯ ಇರುವ ಭಾಗಕ್ಕೆ ರಕ್ಷಣೆ ಇರಲೇಬೇಕು ಅಂತ, 2025ರ ತನಕ ಇದ್ದ 1948ರ ಫ್ಯಾಕ್ಟರಿ ಕಾಯ್ದೆಯಲ್ಲೇ ಬರೆದಿದ್ದರು. ಓವರ್‌ಟೈಮಿಗೆ ಎರಡರಷ್ಟು ಕೂಲಿ ಅನ್ನುವುದೂ ಅದರಲ್ಲೇ ಇತ್ತು. ಇದು ನನಗೆ ಗೊತ್ತಾದದ್ದು ಕಾರ್ಮಿಕ ಸಂಘದ ಮೀಟಿಂಗಿಗೆ ಹೋಗಲು ಶುರು ಮಾಡಿದ ಮೇಲೆ. ಅಲ್ಲಿಯ ತನಕ ಓಟಿ ಅಂದರೆ ಅವರು ಕೊಟ್ಟಷ್ಟು ಅಂತಲೇ ತಿಳಿದಿದ್ದೆ.

ಈ ಮಷೀನು ಕೊಂಡ ದುಡ್ಡು ಯಾವುದು ಅಂತಲೂ ಹೇಳಬೇಕು. ಅದು ನನ್ನ ಪಿಎಫ್ ದುಡ್ಡು. ನಮ್ಮ ಕಡೆಯ ಗಾರ್ಮೆಂಟ್ಸ್ ಹೆಂಗಸರಿಗೆ ಪಿಎಫ್ ಅಂದರೆ ಮಗಳ ಮದುವೆ, ಮಗನ ಫೀಸು, ಊರಿನ ಮನೆಗೆ ಶೀಟು. 2016ರ ಫೆಬ್ರವರಿಯಲ್ಲಿ ಹೊಸ ನಿಯಮ ಬಂತು, ಕೆಲಸ ಬಿಟ್ಟರೂ ಮಾಲೀಕರ ಪಾಲಿನ ಪಿಎಫ್ 58 ವರ್ಷ ಆಗುವ ತನಕ ತೆಗೆಯುವ ಹಾಗಿಲ್ಲ ಅಂತ. ಯಾವ ಗಾರ್ಮೆಂಟ್ಸ್‌ನಲ್ಲಿ ನಮ್ಮನ್ನು 58ರ ತನಕ ಇಟ್ಟುಕೊಳ್ಳುತ್ತಾರೆ ಹೇಳಿ. 40 ದಾಟಿದರೆ ಕಣ್ಣು ಸರಿಯಿಲ್ಲ, ಕೈ ನಿಧಾನ ಅಂತಾರೆ. ಏಪ್ರಿಲ್ 18, ಸೋಮವಾರ, ಹೊಸೂರು ರಸ್ತೆಗೆ ಇಳಿದೆವು. ಯಾರೂ ಕರೆ ಕೊಟ್ಟಿರಲಿಲ್ಲ. ಒಂದು ಫ್ಯಾಕ್ಟರಿಯವರು ಹೊರಗೆ ಬಂದರು, ಅವರನ್ನು ನೋಡಿ ಪಕ್ಕದ ಫ್ಯಾಕ್ಟರಿಯವರು ಬಂದರು, ಸಾವಿರ ಸಾವಿರ ಜನ, ಬಹುಪಾಲು ಹೆಂಗಸರು, ಊಟದ ಡಬ್ಬಿ ಕೈಯಲ್ಲೇ ಹಿಡಿದುಕೊಂಡು. ಮಾರನೇ ದಿನ ತುಮಕೂರು ರಸ್ತೆ ಕಡೆಯೂ ಜೋರಾಯಿತು. ಲಾಠಿ ಬಿತ್ತು. 19ಕ್ಕೇ ಕೇಂದ್ರ ಸರ್ಕಾರ ಆ ನಿಯಮ ವಾಪಸ್ ತೆಗೆದುಕೊಂಡಿತು. ಎರಡೇ ದಿನ. ಕೆಲಸ ಬಿಟ್ಟ ಮೇಲೆ ಆ ದುಡ್ಡು ಪೂರ್ತಿ ನನ್ನ ಕೈಗೆ ಬಂತು, ಮುಟ್ಟದೆ ಬ್ಯಾಂಕಿನಲ್ಲಿ ಇಟ್ಟಿದ್ದೆ. ಆ ರಸ್ತೆಯಲ್ಲಿ ಕೂತ ಪ್ರತಿಯೊಬ್ಬಳ ಪಾಲೂ ಈ ಮಷೀನಿನಲ್ಲಿ ಇದೆ ಅಂತ ನನಗೆ ಅನಿಸುತ್ತದೆ.

ಮಷೀನಿನ ನಡುಕದ ಬಗ್ಗೆ ಒಂದು ಮಾತು. ನೆಲ ಸಮ ಇಲ್ಲದಿದ್ದರೆ ಟೇಬಲ್ ಅದುರುತ್ತದೆ. ಪಕ್ಕದ ಖೋಲಿಯ ಕಾಕಾ, ಮುಂಬೈಯ ಲಾಲ್‌ಬಾಗ್ ಕಡೆ ಬಟ್ಟೆ ಗಿರಣಿಯಲ್ಲಿ 1982ರ ಮುಷ್ಕರದ ತನಕ ಕೆಲಸ ಮಾಡಿದವರು, ಬಂದು ಕಾಲಿನ ಕೆಳಗೆ ಹಳೆ ಟೈರಿನ ರಬ್ಬರು ಕತ್ತರಿಸಿ ಇಟ್ಟುಕೊಟ್ಟರು. ಅದುರುವುದು ನಿಂತಿತು. ನೀವೂ ಹಾಗೆ ಮಾಡಿ. ಇದು ಒಂದು ಮಷೀನಿನ ಮಾತು. ಧಾರಾವಿಯ ಸಣ್ಣ ಹೊಲಿಗೆ ಕಾರ್ಖಾನಾಗಳಲ್ಲಿ ಕಬ್ಬಿಣದ ಏಣಿ ಹತ್ತಿ ಹೋಗುವ ಮಾಳಿಗೆಯ ಮೇಲೆ ಎಂಟು ಹತ್ತು ಮಷೀನು ಒಟ್ಟಿಗೆ ಓಡುತ್ತವೆ. ಅಲ್ಲಿ ಕಾಲಿಟ್ಟಾಗ ಅಂಗಾಲಿನಲ್ಲಿ ನಡುಕ ಗೊತ್ತಾಗುತ್ತದೆ, ಪ್ರತಿ ಸಲವೂ ನನಗೆ ರಾಣಾ ಪ್ಲಾಜಾ ನೆನಪಾಗುತ್ತದೆ. ಢಾಕಾ ಹತ್ತಿರ ಸಾವರ್‌ನಲ್ಲಿದ್ದ ಆ ಕಟ್ಟಡದಲ್ಲಿ 2013ರ ಏಪ್ರಿಲ್ 23ಕ್ಕೇ ಬಿರುಕು ಕಂಡಿತ್ತು. ಕೆಳಗಿನ ಬ್ಯಾಂಕು, ಅಂಗಡಿಗಳು ಬಾಗಿಲು ಹಾಕಿದವು, ಮಾರನೇ ದಿನ ಹೊಲಿಯುವವರನ್ನು ಮಾತ್ರ ಒಳಗೆ ಕರೆದರು. ಕರೆಂಟು ಹೋಗಿ ಮೇಲಿನ ಮಹಡಿಯ ಜನರೇಟರ್ ಶುರುವಾಯಿತು, ಸ್ವಲ್ಪ ಹೊತ್ತಿಗೆ ಎಂಟು ಮಹಡಿಯೂ ಕುಸಿಯಿತು. 1,100ಕ್ಕೂ ಹೆಚ್ಚು ಜನ ಸತ್ತರು. ಬಾಂಗ್ಲಾದೇಶದ ಕಲ್ಪನಾ ಅಖ್ತರ್ 12ನೇ ವಯಸ್ಸಿಗೆ ಗಾರ್ಮೆಂಟ್ಸ್ ಸೇರಿದವರು, ಸಂಘ ಕಟ್ಟಿದ್ದಕ್ಕೆ ಕೆಲಸ ಕಳೆದುಕೊಂಡವರು, ಇವತ್ತಿಗೂ ಹೊಲಿಯುವವರ ಪರ ನಿಂತವರು. ಅವರ ಹೆಸರು ಮೊದಲು ಕೇಳಿದಾಗ, ನಮ್ಮಂಥವಳೇ ಒಬ್ಬಳು ಇಷ್ಟು ಗಟ್ಟಿಯಾಗಿ ಮಾತಾಡಬಹುದಾ ಅಂತ ಅನಿಸಿ ಮೈ ಜುಮ್ಮೆಂದಿತ್ತು.

ನಾನು ಭಾನುವಾರ ಹೊಲಿಯುವುದಿಲ್ಲ. ಭಾನುವಾರದ ರಜೆಯೂ ಈ ಊರಿನ ಗಿರಣಿ ಕೆಲಸಗಾರರೇ ಗಳಿಸಿಕೊಟ್ಟದ್ದು, ಗೊತ್ತಿರಲಿ. ನಾರಾಯಣ ಮೇಘಾಜಿ ಲೋಖಂಡೆ ಅವರು ವರ್ಷಗಟ್ಟಲೆ ಹೋರಾಡಿ, 1890ರ ಜೂನ್ 10ರಂದು ಮುಂಬೈಯ ಗಿರಣಿಗಳಲ್ಲಿ ವಾರದ ರಜೆ ಒಪ್ಪಿಸಿದರು. ಭಾನುವಾರ ನಾನು ಆ ಕಾರ್ಖಾನಾಗಳಿಗೆ ಹೋಗುತ್ತೇನೆ. ಬ್ಯಾಗಿನಲ್ಲಿ ಹತ್ತು ಗಾರ್ಡ್, ಒಂದು ಸಣ್ಣ ಸ್ಕ್ರೂಡ್ರೈವರ್, ಪಗಾರದ ಲೆಕ್ಕ ಬರೆದುಕೊಳ್ಳಲು ಹುಡುಗರಿಗೆ ಕೊಡುವ ಪುಟ್ಟ ನೋಟ್‌ಬುಕ್. ಇಷ್ಟು ಸಣ್ಣ ಕಾರ್ಖಾನಾಗಳಲ್ಲಿ ಆಳು ಕಡಿಮೆ, ಹಾಗಾಗಿ ಕಾನೂನಿನಲ್ಲಿ ಫ್ಯಾಕ್ಟರಿ ಅನ್ನುವ ಲೆಕ್ಕಕ್ಕೆ ಅವು ಬರುವುದೇ ಇಲ್ಲ. ಇನ್‌ಸ್ಪೆಕ್ಟರ್ ಏಣಿ ಹತ್ತುವುದಿಲ್ಲ. ಯಾರಾದರೂ ಹತ್ತಬೇಕಲ್ವಾ.

ಅಲ್ಲಿ ಯಾದಗಿರಿ ಕಡೆಯ ಒಬ್ಬ ಹುಡುಗ ಇದ್ದಾನೆ, 20 ವರ್ಷ ಇರಬಹುದು. ಅವನ ಮಷೀನಿಗೆ ಗಾರ್ಡ್ ಹಾಕಿಕೊಟ್ಟು ಬಂದೆ. ಮುಂದಿನ ಭಾನುವಾರ ಹೋದರೆ ಗಾರ್ಡ್ ಇಲ್ಲ, ಟೇಬಲಿನ ಡ್ರಾದಲ್ಲಿ ಬಿದ್ದಿದೆ. ನನಗೆ ಸಿಟ್ಟು ಬಂತು. ಅವನು ತಲೆ ಬಗ್ಗಿಸಿಕೊಂಡೇ ಹೇಳಿದ, ‘ಅಕ್ಕಾರ, ಇದಿದ್ರ ಸೂಜಿಗೆ ದಾರ ಪೋಣಿಸೂದು ತಡ ಆಗ್ತದ್ರೀ. ದಿನಾ ಇಪ್ಪತ್ತು ಪೀಸ್ ಕಡಿಮಿ ಆಗ್ತಾವ. ಆ ರೊಕ್ಕಾ ಯಾರ್ ಕೊಡ್ತಾರ?’

ನಾನು ಉತ್ತರ ಕೊಡಲಾಗದೆ ನಿಂತೆ. ಅವನು ಹೇಳಿದ್ದು ಸರಿ. ಪೀಸಿಗೆ ಇಷ್ಟು ಅಂತ ಪಗಾರ ಕೊಟ್ಟರೆ, ಕಳೆದ ಪ್ರತಿ ಸೆಕೆಂಡೂ ಅವನ ಜೇಬಿನಿಂದಲೇ ಹೋಗುತ್ತದೆ. ಗಾರ್ಡ್ ಬಿಚ್ಚುವುದು ಹುಡುಗರ ಅಸಡ್ಡೆ ಅಂತ ಸೇಠ್‌ಗಳು ಹೇಳುತ್ತಾರೆ, ಅದು ತಪ್ಪು. ಗಾರ್ಡ್ ಬಿಚ್ಚಿಸುವುದು ಪೀಸ್ ರೇಟು. ನನ್ನ ಸೂಜಿಯ ಮುಂದೆ ಗಾರ್ಡ್ ಇಲ್ಲದಂತೆ ಮಾಡಿದ್ದು ಟಾರ್ಗೆಟ್ ಬೋರ್ಡು, ಇವನದನ್ನು ಬಿಚ್ಚಿಸಿದ್ದು ಪೀಸಿನ ಲೆಕ್ಕ. ಆವತ್ತಿನಿಂದ ನಾನು ಗಾರ್ಡ್ ಒಂದೇ ಹಿಡಿದುಕೊಂಡು ಹೋಗುವುದು ಬಿಟ್ಟೆ. ಮೊದಲು ಸೇಠ್ ಹತ್ತಿರ ರೇಟಿನ ಮಾತು, ಆಮೇಲೆ ಸ್ಕ್ರೂಡ್ರೈವರ್. ಆ ಕಾರ್ಖಾನಾದ ಸೇಠ್ ಮೂರು ಭಾನುವಾರ ಆಗಲ್ಲ ಅಂದ, ನಾಲ್ಕನೇ ಭಾನುವಾರ ಪೀಸಿಗೆ 50 ಪೈಸೆ ಏರಿಸಲು ಒಪ್ಪಿದ. ಅವನೂ ದೊಡ್ಡ ವ್ಯಾಪಾರಿಗಳ ಜಾಬ್‌ವರ್ಕ್ (ಕೂಲಿಗೆ ಹೊಲಿದುಕೊಡುವುದು) ಮಾಡುವವನೇ, ಅವನಿಗೆ ಸಿಗುವ ರೇಟು ಏನು ಅಂತ ನೋಟ್‌ಬುಕ್‌ನಲ್ಲಿ ಬರೆದು ತೋರಿಸಿದ, ಅದೂ ನಿಜ. 8 ಮಷೀನಿನಲ್ಲಿ ಈಗ 5ಕ್ಕೆ ಗಾರ್ಡ್ ಇದೆ. ಆ ಹುಡುಗನದಕ್ಕೂ ಇದೆ. ಉಳಿದ ಮೂವರ ಜೊತೆ ಮಾತು ನಡೆಯುತ್ತಿದೆ.

ಅದಕ್ಕೇ ಒಂದು ಅಂಕ ಹಿಡಿದುಕೊಂಡಿದ್ದೇನೆ. ಇಷ್ಟು ಚೆನ್ನಾಗಿ ಮಷೀನು ಮಾಡಲು ಬರುವವರಿಗೆ, ದಾರ ಪೋಣಿಸುವಾಗ ಸುಲಭವಾಗಿ ಪಕ್ಕಕ್ಕೆ ಸರಿದು, ತಾನಾಗೇ ಜಾಗಕ್ಕೆ ವಾಪಸ್ ಬರುವ, ಸ್ಕ್ರೂ ಬಿಚ್ಚಿ ಎಸೆಯಲು ಆಗದ ಗಾರ್ಡ್ ಮಾಡುವುದು ಕಷ್ಟವೇ? ಕಂಪನಿಯ ಯಾರಾದರೂ ಕನ್ನಡ ಓದುವವರು ಇದ್ದರೆ ಈ ಮಾತು ಮೇಲಿನವರಿಗೆ ತಲುಪಿಸಿ.

ಕೊಳ್ಳುವವರಿಗೆ ಇನ್ನು ನಾಲ್ಕು ಮಾತು. ಅಂಗಡಿಯಲ್ಲೇ ಹೆಡ್ ಹಿಂದಕ್ಕೆ ಮಲಗಿಸಿ ಕೆಳಗೆ ನೋಡಿ, ತುಕ್ಕು, ಕಪ್ಪು ಎಣ್ಣೆ ಇದ್ದರೆ ಬೇಡ. ಕೈಚಕ್ರ ಕೈಯಲ್ಲೇ ತಿರುಗಿಸಿ, ಎಲ್ಲೂ ಹಿಡಿಯಬಾರದು. ಮಲ್ ಬಟ್ಟೆ, ಜೀನ್ಸ್ ಚೂರು ಎರಡನ್ನೂ ಮನೆಯಿಂದಲೇ ತೆಗೆದುಕೊಂಡು ಹೋಗಿ ಹೊಲಿದು ನೋಡಿ, ಅವರು ಕೊಡುವ ಬಟ್ಟೆಯ ಮೇಲೆ ಎಲ್ಲಾ ಮಷೀನೂ ಚೆನ್ನಾಗೇ ಹೊಲಿಯುತ್ತದೆ. ಬೆನ್ನಿಗೆ ಆಸರೆ ಇರುವ ಕುರ್ಚಿ ಇಟ್ಟುಕೊಳ್ಳಿ, ಸ್ಟೂಲ್ ಬೇಡ, ನನ್ನ ಸೊಂಟ ನೋವು ಇವತ್ತಿಗೂ ಹೋಗಿಲ್ಲ. ಫಿಂಗರ್ ಗಾರ್ಡ್, ಬೆಲ್ಟ್ ಕವರ್ ಎರಡೂ ಹಾಕಿಕೊಟ್ಟರೇ ದುಡ್ಡು ಕೊಡುತ್ತೇನೆ ಅನ್ನಿ. ಹತ್ತು ಜನ ಹಾಗೆ ಕೇಳಿದರೆ ಹನ್ನೊಂದನೆಯವರಿಗೆ ಅವನೇ ಹಾಕಿಟ್ಟಿರುತ್ತಾನೆ.

ಓಡಿಸಿ ನೋಡಬೇಕು ಅನ್ನುವ ಹೆಂಗಸರು ಸಂಜೆ ನಾಲ್ಕರ ಮೇಲೆ ನಮ್ಮ ಮನೆಗೇ ಬರಬಹುದು, ಸರ್ವೋ ನಿಧಾನಕ್ಕೆ ಇಟ್ಟು ಕೊಡುತ್ತೇನೆ. ಭಾನುವಾರ ಮಾತ್ರ ಬರಬೇಡಿ, ಇರುವುದಿಲ್ಲ.